ಒಂದೂವರೆ ವರ್ಷದ ಕೆಲಸ ನಿಂತಿತು, ಗೊಂಬೆಗಳು ಉಳಿದವು: ಐವೋ ಕಾಪ್ರಿನೋ ಪ್ರಕರಣ

1970ರಲ್ಲಿ ನಾರ್ವೆಯ ನಿರ್ದೇಶಕ ಐವೋ ಕಾಪ್ರಿನೋ ಒಂದು ಟಿವಿ ಕಾರ್ಯಕ್ರಮಕ್ಕೆ ಕೈ ಹಾಕಿದರು. ಗೊಂಬೆಗಳ ಕಾರ್ಯಕ್ರಮ, ಬರೀ 25 ನಿಮಿಷದ್ದು. ಅವರ ಪುಟ್ಟ ತಂಡ ಒಂದೂವರೆ ವರ್ಷ ದುಡಿಯಿತು. ಅಷ್ಟಾದ ಮೇಲೆ, ಒಟ್ಟಾಗಿ ನೋಡಿದರೆ ಇದು ಕೂಡಿಬರುತ್ತಿಲ್ಲ ಎಂಬ ತೀರ್ಮಾನಕ್ಕೆ ಬಂದು ಕೆಲಸ ನಿಲ್ಲಿಸಿದರು. ಆಗ ಚಿತ್ರೀಕರಿಸಿದ್ದರಲ್ಲಿ ಕೆಲವು ಚೂರುಗಳನ್ನು ಬಿಟ್ಟರೆ ಉಳಿದದ್ದನ್ನು ಜನ ನೋಡಿಯೇ ಇಲ್ಲ.

1975ರ ಆಗಸ್ಟ್ 28ರಂದು ಅದೇ ಪಾತ್ರಗಳು, ಅದೇ ಊರು ಥಿಯೇಟರಿಗೆ ಬಂದವು. ಈ ಸಲ 88 ನಿಮಿಷದ ಪೂರ್ಣ ಸಿನಿಮಾ ಆಗಿ. ಹೆಸರು 'ಫ್ಲೋಕ್ಲೀಪಾ ಗ್ರಾಂಡ್ ಪ್ರಿ'. ಮೊದಲ ವರ್ಷವೇ 10 ಲಕ್ಷ ಟಿಕೆಟ್ ಹೋದವು. ಆಗ ನಾರ್ವೆಯ ಜನಸಂಖ್ಯೆಯೇ ಸುಮಾರು 40 ಲಕ್ಷ. ನಾಲ್ಕು ಜನಕ್ಕೆ ಒಂದು ಟಿಕೆಟ್ ಆಯಿತು, ಅಲ್ವಾ? ಇದುವರೆಗೆ ಒಟ್ಟು 55 ಲಕ್ಷ ಟಿಕೆಟ್ ಎಂದು ಕಾಪ್ರಿನೋ ಸ್ಟುಡಿಯೋ ಹೇಳುತ್ತದೆ. ಲೆಕ್ಕದಲ್ಲಿ ಒಂದಿಷ್ಟು ಹೆಚ್ಚುಕಮ್ಮಿ ಇದೆ ಎಂದುಕೊಂಡರೂ, ಆ ದೇಶದಲ್ಲಿ ಇದರಷ್ಟು ಜನ ನೋಡಿದ ಸಿನಿಮಾ ಇನ್ನೊಂದಿಲ್ಲ.

ಕೈಬಿಟ್ಟ ಕೆಲಸ ಹೀಗೆ ಎದ್ದು ನಿಂತದ್ದು ಹೇಗೆ? ಈ ಪ್ರಶ್ನೆ ನನ್ನನ್ನು ಬಹಳ ದಿನದಿಂದ ಕಾಡಿದೆ. ಉತ್ತರ ಬರೀ 1970ರಿಂದ 1975ರ ನಡುವೆ ಸಿಗುವುದಿಲ್ಲ. ಅದಕ್ಕೂ ಇಪ್ಪತ್ತೈದು ವರ್ಷ ಹಿಂದೆ ಹೋಗಬೇಕು, ಒಬ್ಬ ತಾಯಿಯ ಕೆಲಸದ ಮೇಜಿಗೆ.

ಅಮ್ಮನ ಗೊಂಬೆಗಳು

ಕಾಪ್ರಿನೋ ಹುಟ್ಟಿದ್ದು 1920ರಲ್ಲಿ, ಇವತ್ತಿನ ಓಸ್ಲೋ ನಗರದಲ್ಲಿ. ಅಪ್ಪ ಮಾರಿಯೋ ಕಾಪ್ರಿನೋ ಇಟಲಿಯವರು, ಪೀಠೋಪಕರಣ ಮಾಡುವ ಬಡಗಿ. ಅಮ್ಮ ಇಂಗೆಬೋರ್ಗ್ ಗೂಡೆ ಕಲಾವಿದೆ, ನಾರ್ವೆಯ ಹೆಸರಾಂತ ಚಿತ್ರಕಾರ ಹಾನ್ಸ್ ಗೂಡೆ ಅವರ ಮೊಮ್ಮಗಳು. ಒಂದು ಕಡೆ ಮರಗೆಲಸ, ಇನ್ನೊಂದು ಕಡೆ ಬಣ್ಣ. ಮಗನ ಮುಂದಿನ ಬದುಕು ನೋಡಿದರೆ ಎರಡೂ ಕೈಗೆ ಹತ್ತಿದ್ದವು ಅನ್ನಿಸುತ್ತದೆ.

1940ರ ದಶಕದ ನಡುವಿನಲ್ಲಿ ಇಂಗೆಬೋರ್ಗ್ ಒಂದು ಗೊಂಬೆ ರಂಗಭೂಮಿಗೆ ಗೊಂಬೆ ಮಾಡಿಕೊಡುತ್ತಿದ್ದರು. ಮಗ ಸಹಾಯಕ್ಕೆ ನಿಂತರು. ಈ ಗೊಂಬೆಗಳನ್ನೇ ಇಟ್ಟುಕೊಂಡು ಒಂದು ಸಿನಿಮಾ ಯಾಕೆ ಮಾಡಬಾರದು ಎಂಬ ಯೋಚನೆ ಅಲ್ಲೇ ಬಂತು. 'ಟಿಮ್ ಓ ಟೋಫೆ' ಎಂಬ ಎಂಟು ನಿಮಿಷದ ಚಿತ್ರ 1949ರಲ್ಲಿ ಬಿಡುಗಡೆಯಾಯಿತು. ಅಲ್ಲಿಂದ ಮುಂದೆ ಅಮ್ಮ ಗೊಂಬೆ ಮಾಡುವುದು, ಮಗ ಅವುಗಳಿಗೆ ಜೀವ ಕೊಡುವುದು. 1963ರಲ್ಲಿ ಇಂಗೆಬೋರ್ಗ್ ತೀರಿಕೊಳ್ಳುವವರೆಗೂ ಇದು ಹೀಗೇ ನಡೆಯಿತು.

ಆ ಮೊದಲ ಚಿತ್ರಕ್ಕಾಗಿಯೇ ಕಾಪ್ರಿನೋ ಒಂದು ಉಪಾಯ ಕಂಡುಹಿಡಿದರು. ಗೊಂಬೆ ಸಿನಿಮಾದ ಮಾಮೂಲಿ ದಾರಿ ಸ್ಟಾಪ್ ಮೋಷನ್. ಗೊಂಬೆಯ ಕೈಯನ್ನು ಒಂದು ಕೂದಲೆಳೆಯಷ್ಟು ಸರಿಸುವುದು, ಒಂದು ಫ್ರೇಮ್ ತೆಗೆಯುವುದು, ಮತ್ತೆ ಸರಿಸುವುದು. ಕಾಪ್ರಿನೋ ಅದನ್ನು ಬಿಟ್ಟು, ಕ್ಯಾಮೆರಾ ಓಡುತ್ತಿರುವಾಗಲೇ ಗೊಂಬೆಯನ್ನು ಆಡಿಸುವ ಯಂತ್ರದ ಏರ್ಪಾಡು ಮಾಡಿಕೊಂಡರು. ನೋಡುವವರಿಗೆ ದಾರ ಕಾಣದು, ಕೈ ಕಾಣದು. ಇದನ್ನು ಹೇಗೆ ಮಾಡ್ತಾರೆ ಅಂತ ನಾರ್ವೆಯ ಜನಕ್ಕೆ ವಿಪರೀತ ಕುತೂಹಲ. ಕಾಪ್ರಿನೋ ಗುಟ್ಟು ಬಿಟ್ಟುಕೊಡಲಿಲ್ಲ. ಮುಂದೆ ಮಾಮೂಲಿ ಸ್ಟಾಪ್ ಮೋಷನ್‌ಗೆ ಬಂದ ಮೇಲೂ, ಅದೇನೋ ಮಾಯದ ಯಂತ್ರ ಇನ್ನೂ ಇದೆ ಎಂಬ ಭಾವನೆಯನ್ನು ಹಾಗೇ ಉಳಿಸಿಕೊಂಡರು.

ಇಲ್ಲಿ ನನ್ನದೊಂದು ತಕರಾರಿದೆ. ಗುಟ್ಟು ಕಾಪಾಡಿದ್ದು ವ್ಯಾಪಾರಕ್ಕೆ ಒಳ್ಳೆಯದೇ ಇರಬಹುದು. ಆದರೆ ಸ್ಟಾಪ್ ಮೋಷನ್‌ನ ತಾಳ್ಮೆ ಯಾವ ಮಾಯಕ್ಕಿಂತ ಕಡಿಮೆ? ಆ ಬೆರಳುಗಳ ಕೆಲಸವನ್ನು ಜನಕ್ಕೆ ತೋರಿಸಿದ್ದರೆ ಗೌರವ ಇನ್ನೂ ಜಾಸ್ತಿಯೇ ಆಗುತ್ತಿತ್ತು ಎಂದು ನನಗೆ ಅನ್ನಿಸುತ್ತದೆ.

1950ರ ದಶಕದಲ್ಲಿ ಅವರು ಕೈ ಹಾಕದ ಕೆಲಸವೇ ಇರಲಿಲ್ಲ. 1952ರಲ್ಲಿ ಪಿಟೀಲು ಹಿಡಿದ ಹುಡುಗನ ಜನಪದ ಕಥೆ 'ವೆಸ್ಲೆಫ್ರಿಕ್ ಮೆ ಫೇಲಾ'. ಆಮೇಲೆ ತೂರ್ಬ್ಯೋರ್ನ್ ಎಗ್ನರ್ ಬರೆದ 'ಕಾರಿಯುಸ್ ಓ ಬಾಕ್ಟುಸ್'. ಯೆನ್ಸ್ ಎಂಬ ಹುಡುಗನ ಹಲ್ಲಿನಲ್ಲಿ ಮನೆ ಮಾಡಿಕೊಂಡು, ಸುತ್ತಿಗೆ ಹಿಡಿದು ತೂತು ಕೊರೆಯುವ ಎರಡು ಪುಟಾಣಿ ಕಿಡಿಗೇಡಿಗಳ ಕಥೆ ಅದು. ಹಲ್ಲುಜ್ಜು ಅಂತ ಮಕ್ಕಳಿಗೆ ಹೇಳಲು ನಾರ್ವೆಯ ತಾಯಂದಿರಿಗೆ ಇವತ್ತಿಗೂ ಒದಗುತ್ತದೆ. ಎರಡೂ ಹದಿನೈದು ನಿಮಿಷದ ಚಿತ್ರಗಳು. ಇವುಗಳ ನಡುನಡುವೆ ಹತ್ತಾರು ಜಾಹೀರಾತು. 1959ರಲ್ಲಿ ನಿಜವಾದ ನಟರನ್ನು ಹಾಕಿ 'ಊಗ್ಲರ್ ಇ ಮೋಸೆನ್' ಎಂಬ ದೊಡ್ಡ ಸಿನಿಮಾ. ಮಾತಿಗೆ ಮಾತಿಟ್ಟರೆ 'ಪಾಚಿಯಲ್ಲಿ ಗೂಬೆಗಳು'. ನಾರ್ವೆಯ ಆಡುಮಾತಿನಲ್ಲಿ, ಇಲ್ಲೇನೋ ಮಸಲತ್ತು ನಡೀತಿದೆ ಎಂದರ್ಥ.

ಮೊದಲ ಮುರಿತ

ನನ್ನ ಪ್ರಕಾರ ಈ ಪ್ರಕರಣದ ಕೀಲಿ ಇರುವುದು ಇಲ್ಲಿ. ಕಾಪ್ರಿನೋ ಅವರ ಬಗ್ಗೆ ಮಾತಾಡುವಾಗ ಜನ ಇದನ್ನು ಬೇಗ ದಾಟಿಬಿಡುತ್ತಾರೆ.

19ನೇ ಶತಮಾನದಲ್ಲಿ ಪೇಟರ್ ಕ್ರಿಸ್ಟೆನ್ ಆಸ್ಬ್ಯೋರ್ನ್ಸೆನ್ ಎಂಬವರು ನಾರ್ವೆಯ ಊರೂರು ಸುತ್ತಿ ಜನಪದ ಕಥೆ ಕೂಡಿಹಾಕಿದರು. ಗೆಳೆಯ ಯೋರ್ಗೆನ್ ಮೂ ಜೊತೆ ಸೇರಿ ಅವನ್ನು ಅಚ್ಚು ಹಾಕಿಸಿದರು. ಅಲ್ಲಿನ ಮಕ್ಕಳು ಈ ಕಥೆಗಳನ್ನು ಕೇಳುತ್ತಲೇ ಬೆಳೆಯುತ್ತಾರೆ. ಕಾಪ್ರಿನೋ ಅವರಿಗೆ ಆಸ್ಬ್ಯೋರ್ನ್ಸೆನ್ ಬಗ್ಗೆಯೇ ಒಂದು ದೊಡ್ಡ ಸಿನಿಮಾ ಮಾಡುವ ಆಸೆ. ಕಥೆ ಹುಡುಕಿಕೊಂಡು ಅಲೆಯುವ ಮನುಷ್ಯನ ಪಾತ್ರಕ್ಕೆ ನಿಜವಾದ ನಟ. ಅವನು ಕೇಳಿಸಿಕೊಳ್ಳುವ ಕಥೆಗಳೆಲ್ಲ ಗೊಂಬೆಗಳಲ್ಲಿ. ಎಷ್ಟು ಚೆಂದದ ಯೋಚನೆ! ಆದರೆ ದುಡ್ಡು ಹುಟ್ಟಲಿಲ್ಲ.

ಬೇರೆಯವರಾಗಿದ್ದರೆ ಕಡತ ಕಟ್ಟಿ ಮೇಲಿಡುತ್ತಿದ್ದರು. ಕಾಪ್ರಿನೋ ಆ ದೊಡ್ಡ ಸಿನಿಮಾವನ್ನು ಬಿಡಿಸಿ ಚೂರು ಮಾಡಿದರು. ಒಂದೊಂದು ಕಥೆಯೂ ಸುಮಾರು 16 ನಿಮಿಷದ ಒಂದೊಂದು ಚಿತ್ರವಾಯಿತು. ಮೊದಲಲ್ಲೂ ಕೊನೆಯಲ್ಲೂ ಆಸ್ಬ್ಯೋರ್ನ್ಸೆನ್ ಬಂದು ಹೋಗುವ ಸಣ್ಣ ದೃಶ್ಯ. 1961ರಿಂದ 1967ರವರೆಗೆ ಇವು ಒಂದೊಂದಾಗಿ ಬಂದವು.

ಇವುಗಳಲ್ಲಿ 'ಮನೆಯ ಏಳನೇ ತಂದೆ' ನನಗೆ ಬಹಳ ಇಷ್ಟ. ದಾರಿಹೋಕನೊಬ್ಬ ರಾತ್ರಿ ಉಳಿಯಲು ಜಾಗ ಕೇಳುತ್ತಾನೆ. ಮುದುಕನೊಬ್ಬ, ನಾನು ಮನೆಯ ಯಜಮಾನನಲ್ಲ, ಒಳಗೆ ನಮ್ಮಪ್ಪ ಇದ್ದಾನೆ, ಅವನನ್ನು ಕೇಳು ಅನ್ನುತ್ತಾನೆ. ಒಳಗಿನವನು ಇನ್ನೂ ಮುದುಕ. ಅವನೂ ಅದನ್ನೇ ಹೇಳುತ್ತಾನೆ. ಹೀಗೆ ಒಬ್ಬರಿಂದ ಒಬ್ಬರಿಗೆ ಹೋಗುತ್ತ ಮುದುಕರು ಗಾತ್ರದಲ್ಲಿ ಚಿಕ್ಕವರಾಗುತ್ತ ಬರುತ್ತಾರೆ. ಒಬ್ಬ ತೊಟ್ಟಿಲಲ್ಲಿ ಮಲಗಿದ್ದಾನೆ. ಕೊನೆಯವನು ಗೋಡೆಗೆ ನೇತುಹಾಕಿದ ಕೊಂಬಿನೊಳಗೆ ಇದ್ದಾನೆ. ಕಥೆ ಹೇಳುವವನು ಇದನ್ನು ಬಾಯಲ್ಲಿ ಸಲೀಸಾಗಿ ಹೇಳಿಬಿಡುತ್ತಾನೆ. ಗೊಂಬೆ ಮಾಡುವವರು ಹಾಗಲ್ಲ. ಏಳು ಮುಪ್ಪನ್ನು ಏಳು ಅಳತೆಯಲ್ಲಿ ಕೈಯಾರೆ ಮಾಡಬೇಕು, ಮೊದಲನೇ ಮುಪ್ಪಿಗಿಂತ ಎರಡನೇ ಮುಪ್ಪು ಹಳೆಯದಾಗಿ ಕಾಣಬೇಕು. ಆ ಮುಖಗಳ ಸುಕ್ಕು ನೋಡಿದರೆ ಸಾಕು, ಇವರ ಮನೆಯ ಮೇಜಿನ ಮೇಲೆ ಎಂಥ ಕೆಲಸ ನಡೆಯುತ್ತಿತ್ತು ಎಂದು ಗೊತ್ತಾಗುತ್ತದೆ.

ಅಂದರೆ 1960ರ ದಶಕದ ಹೊತ್ತಿಗೇ ಕಾಪ್ರಿನೋ ಒಂದು ಪಾಠ ಕಲಿತು ಮುಗಿಸಿದ್ದರು. ಯೋಜನೆ ಮುರಿದರೂ ಸಾಮಾನು ಮುರಿಯುವುದಿಲ್ಲ. ದೊಡ್ಡದು ಆಗದಿದ್ದರೆ ಅದನ್ನೇ ಬಿಡಿಸಿ ಚಿಕ್ಕವು ಮಾಡಬಹುದು. ಹತ್ತು ವರ್ಷದ ನಂತರ ಅವರಿಗೆ ಒದಗಿದ್ದು ಇದೇ ಪಾಠ, ಆದರೆ ತಲೆಕೆಳಗಾಗಿ.

ಎರಡನೇ ಮುರಿತ

ಶೆಲ್ ಔಕ್ರುಸ್ಟ್ ನಾರ್ವೆಯ ಆಲ್ವ್‌ಡಾಲ್ ಊರಿನವರು. ಲೇಖಕ, ವ್ಯಂಗ್ಯಚಿತ್ರಕಾರ. ಫ್ಲೋಕ್ಲೀಪಾ ಎಂಬ ಕಲ್ಪನೆಯ ಊರು ಕಟ್ಟಿ, ಅಲ್ಲಿ ತಲೆಹರಟೆಯ ಒಂದು ಸಂಸಾರವನ್ನೇ ಕೂರಿಸಿದ್ದರು. ಸೈಕಲ್ ರಿಪೇರಿ ಮಾಡುತ್ತ ಏನೇನೋ ಯಂತ್ರ ಕಂಡುಹಿಡಿಯುವ ರಿಯೋಡೋರ್ ಫೆಲ್ಗೆನ್. ಎಲ್ಲಕ್ಕೂ ಮುನ್ನುಗ್ಗುವ, ಬಾಯಿಬಡುಕ ಹಕ್ಕಿ ಸೋಲಾನ್. ಎಲ್ಲಕ್ಕೂ ಹೆದರುವ, ಸದಾ ಜೋಲುಮುಖದ ಮುಳ್ಳುಹಂದಿ ಲುಡ್ವಿಗ್. ಓದುಗರಿಗೆ ಇವರು ಪಕ್ಕದ ಮನೆಯವರಷ್ಟು ಪರಿಚಯ.

ಟಿವಿ ಕಾರ್ಯಕ್ರಮ ಶುರುವಾದದ್ದು ಈ ಪುಸ್ತಕಗಳಿಂದ ಬಿಡಿ ಬಿಡಿ ತುಣುಕು ಆರಿಸಿಕೊಂಡು. ಒಂದು ನಗು, ಇನ್ನೊಂದು ನಗು, ಮತ್ತೊಂದು. ಕಥೆ ಅಂತ ಏನೂ ಇರಲಿಲ್ಲ. ಒಂದೂವರೆ ವರ್ಷದ ನಂತರ ಅಲ್ಲೇ ಸಿಕ್ಕಿಹಾಕಿಕೊಂಡರು.

ಪುಸ್ತಕದಲ್ಲಿ ನಡೆಯುವುದು ಗೊಂಬೆ ಚಿತ್ರದಲ್ಲಿ ಯಾಕೆ ನಡೆಯಲಿಲ್ಲ? ಇದು ನನ್ನ ಊಹೆ, ಆದರೂ ಹೇಳುತ್ತೇನೆ. ಓದುವವರು ತಮ್ಮ ಬಿಡುವಿನಲ್ಲಿ ಓದುತ್ತಾರೆ. ಒಂದು ಪುಟ ಓದಿ ನಕ್ಕು, ಪುಸ್ತಕ ಮಡಚಿ, ನಾಳೆ ಮತ್ತೆ ತೆಗೆಯಬಹುದು. ತುಣುಕುಗಳಿಗೆ ಅದು ಒಳ್ಳೆಯ ಜಾಗ. ಪರದೆಯ ಮೇಲೆ ಗೊಂಬೆ ನಡೆದರೆ, ಎಲ್ಲಿಗೆ ಹೊರಟಿತು ಎಂದು ಕಣ್ಣು ಕೇಳುತ್ತದೆ. ಮೊದಲ ಎರಡು ನಿಮಿಷ ಗೊಂಬೆಯ ಅಂದವೇ ಸಾಕು. ಆಮೇಲೆ ಅದಕ್ಕೆ ಏನಾದರೂ ಬೇಕಾಗಿರಬೇಕು. ಸೋಲಾನ್‌ಗೂ ಲುಡ್ವಿಗ್‌ಗೂ ಸ್ವಭಾವ ಇತ್ತು, ಬೇಕು ಅನ್ನುವಂಥದ್ದು ಇರಲಿಲ್ಲ.

ನಿಲ್ಲಿಸಿದ ದಿನ ಅವರ ಕೈಯಲ್ಲಿ ಏನಿತ್ತು ಎಂದು ನೋಡಿ. ನಷ್ಟದ ಕಡೆ ಒಂದೂವರೆ ವರ್ಷ, ಒಂದಷ್ಟು ಫಿಲ್ಮು. ಉಳಿದ ಕಡೆ, ಮಾಡಿ ಮುಗಿಸಿದ ಗೊಂಬೆಗಳು, ಕಟ್ಟಿ ನಿಲ್ಲಿಸಿದ ಊರು, ಆ ಗೊಂಬೆಗಳ ನಡಿಗೆ ಗೊತ್ತಿರುವ ಕೈಗಳು. ಸಾಮಾನ್ಯವಾಗಿ ನಾವು ಮೊದಲನೆಯದನ್ನು ಮಾತ್ರ ನೋಡುತ್ತೇವೆ. ಕಾಪ್ರಿನೋ ಮತ್ತು ಔಕ್ರುಸ್ಟ್ ಎರಡನೆಯದನ್ನು ನೋಡಿದರು. ಇರುವ ಗೊಂಬೆ, ಇರುವ ಊರನ್ನೇ ಮುಂದಿಟ್ಟುಕೊಂಡು ಹೊಸದಾಗಿ ಒಂದು ಪೂರ್ಣ ಸಿನಿಮಾದ ಚಿತ್ರಕಥೆ ಬರೆಯಲು ಕೂತರು.

ಧೈರ್ಯ ನೋಡಿ. 25 ನಿಮಿಷ ನಿಲ್ಲದ ಜಾಗದಲ್ಲಿ 88 ನಿಮಿಷ ನಿಲ್ಲಿಸಲು ಹೊರಟರು. ಸೋತ ಕೆಲಸವನ್ನು ಚಿಕ್ಕದು ಮಾಡುವುದು ಯಾರಿಗಾದರೂ ಹೊಳೆಯುತ್ತದೆ. ಮೂರೂವರೆ ಪಟ್ಟು ದೊಡ್ಡದು ಮಾಡಿದರೆ ಉಸಿರಾಡುತ್ತದೆ ಎಂದು ಹೊಳೆಯಲು ಹಿಂದಿನ ಅನುಭವ ಬೇಕು.

ಹೊಸ ಕಥೆ ಬಲು ಸರಳ. ರಿಯೋಡೋರ್ ಹತ್ತಿರ ಕೆಲಸ ಕಲಿತ ರುಡಾಲ್ಫ್ ಎಂಬವನು ಅವನ ರೇಸ್ ಕಾರಿನ ಎಂಜಿನ್ ವಿನ್ಯಾಸ ಕದ್ದು ಚಾಂಪಿಯನ್ ಆಗಿದ್ದಾನೆ. ರಿಯೋಡೋರ್ ತನ್ನದೇ ಕಾರು ಕಟ್ಟಿ ರೇಸಿಗೆ ಇಳಿಯಬೇಕು. ದುಡ್ಡಿಲ್ಲ. ರಜೆಗೆ ಬಂದ ತೈಲ ಶೇಖ್ ಒಬ್ಬ ದುಡ್ಡು ಹಾಕುತ್ತಾನೆ. 1969ರಲ್ಲಿ ನಾರ್ವೆಯ ಸಮುದ್ರದಲ್ಲಿ ತೈಲ ಸಿಕ್ಕಿತ್ತು, 1973ರಲ್ಲಿ ಜಗತ್ತೆಲ್ಲ ತೈಲದ ಬಿಕ್ಕಟ್ಟು. ಶೇಖ್ ಪಾತ್ರ ಆ ಕಾಲದ ಪತ್ರಿಕೆಯಿಂದ ಎದ್ದು ಬಂದಂತಿದೆ. ಆ ಪಾತ್ರವನ್ನು ತೋರಿಸಿದ ರೀತಿ ಇವತ್ತು ನನಗೆ ಹಿಡಿಸುವುದಿಲ್ಲ. ಅರಬರೆಂದರೆ ಹೀಗೆ ಎಂಬ ಸವಕಲು ಅಚ್ಚು ಅದು. ಚಿತ್ರವನ್ನು ಎಷ್ಟೇ ಪ್ರೀತಿಸಿದರೂ ಇದನ್ನು ಹೇಳಲೇಬೇಕು.

ಬೇಕಾದದ್ದು ಈಗ ಸಿಕ್ಕಿತು ನೋಡಿ. ಒಂದು ಕಾರು ಕಟ್ಟಬೇಕು, ರೇಸ್ ಗೆಲ್ಲಬೇಕು. ಈ ಒಂದು ದಾರಕ್ಕೆ ಹಳೆಯ ತುಣುಕುಗಳ ನಗುವನ್ನೆಲ್ಲ ಪೋಣಿಸಬಹುದು. ಸೋಲಾನ್ ಹುರುಪಿಗೂ ಲುಡ್ವಿಗ್ ಹೆದರಿಕೆಗೂ ಕೆಲಸ ಸಿಕ್ಕಿತು. ಲುಡ್ವಿಗ್ ಸುಮ್ನೆ ಹೆದರುವುದಿಲ್ಲ, ಈಗ ಹೆದರಲು ಕಾರಣವಿದೆ.

ಐದು ಜನ, ಮೂರೂವರೆ ವರ್ಷ

ತಂಡದಲ್ಲಿ ಹೆಚ್ಚುಕಮ್ಮಿ ಐದು ಜನ. ನಿರ್ದೇಶನ ಮತ್ತು ಗೊಂಬೆ ಆಡಿಸುವುದು ಕಾಪ್ರಿನೋ. ಸೆಟ್ಟು, ಕಾರು, ತಾಂತ್ರಿಕ ಕೆಲಸವೆಲ್ಲ ಬ್ಯಾರ್ನೆ ಸಂಡೆಮೋಸೆ, ಕಾಪ್ರಿನೋ ಅವರ ಬಹುಕಾಲದ ಜೊತೆಗಾರ. ಗೊಂಬೆಗಳು ಇಂಗೆಬೋರ್ಗ್ ರೀಸರ್ ಅವರವು. ಅಮ್ಮನ ಹೆಸರಿನವರೇ ಅಮ್ಮನ ಜಾಗಕ್ಕೆ ಬಂದಿದ್ದರು. ಬಟ್ಟೆಬರೆ, ಸಣ್ಣಪುಟ್ಟ ಸಾಮಾನು ಗೆರ್ಡ್ ಅಲ್ಫ್ಸೆನ್. ಸಂಗೀತ ಡೆನ್ಮಾರ್ಕಿನ ಬೆಂಟ್ ಫಾಬ್ರಿಸಿಯುಸ್-ಬ್ಯೆರೆ.

ಲೆಕ್ಕ ಹಾಕೋಣ. ಸಿನಿಮಾ ಸೆಕೆಂಡಿಗೆ 24 ಫ್ರೇಮ್. 88 ನಿಮಿಷಕ್ಕೆ 1,26,720 ಫ್ರೇಮ್. ಸಿನಿಮಾಕ್ಕೆ ಹಿಡಿದ ಮೂರೂವರೆ ವರ್ಷದಲ್ಲಿ ವರ್ಷಕ್ಕೆ 300 ದಿನ ಕೆಲಸ ಎಂದುಕೊಂಡರೆ, ಕಟ್ಟುವುದು, ಬರೆಯುವುದು, ತೆಗೆಯುವುದು ಎಲ್ಲ ಸೇರಿ ದಿನಕ್ಕೆ ಐದು ಸೆಕೆಂಡಿನ ಸಿನಿಮಾ.

ಐದು ಸೆಕೆಂಡ್ ಅಂದರೆ ಏನು ಅಂತ ನನಗೆ ಗೊತ್ತಾದದ್ದು ಒಂದು ಭಾನುವಾರ. ಅಕ್ಕನ ಮಗಳು ರಜೆಗೆ ಬಂದಿದ್ದಳು. ಜೇಡಿಮಣ್ಣಿನಲ್ಲಿ ಒಂದು ಆನೆ ಮಾಡಿ, ಮೊಬೈಲನ್ನು ಪುಸ್ತಕಗಳ ನಡುವೆ ಸಿಕ್ಕಿಸಿ, ಆನೆ ಮೇಜು ದಾಟುವುದನ್ನು ತೆಗೆಯಲು ಕೂತೆವು. ಸೆಕೆಂಡಿಗೆ 24 ಆಗದು ಅಂತ 12ಕ್ಕೆ ಇಳಿದೆವು. ಕಾಲು ಎತ್ತಿದರೆ ಆನೆ ವಾಲುತ್ತದೆ, ಅದಕ್ಕೆ ಒಂದು ಕಡ್ಡಿ ಆನಿಸಬೇಕು. ಕಡ್ಡಿ ಕಾಣಬಾರದು. ನಲವತ್ತನೇ ಫೋಟೋ ಹೊತ್ತಿಗೆ ಕಿಟಕಿಯ ಬಿಸಿಲು ಸರಿದು ಆನೆಯ ನೆರಳು ಇನ್ನೊಂದು ಕಡೆಗೆ ಹೋಗಿತ್ತು. ಮೂರು ಗಂಟೆಗೆ ಏಳು ಸೆಕೆಂಡ್ ಆಯಿತು. ಓಡಿಸಿ ನೋಡಿದಾಗ ಆನೆ ನಿಜವಾಗಿಯೂ ನಡೆಯಿತು! ಅವಳು ಕಿರುಚಿದ ಕಿರುಚು ಇನ್ನೂ ಕಿವಿಯಲ್ಲಿದೆ. ಆಮೇಲೆ ಇಬ್ಬರೂ ಕಾಪ್ರಿನೋ ರೇಸ್ ದೃಶ್ಯ ಹಾಕಿಕೊಂಡು ನೋಡಿದೆವು. ಅವಳು ಕಾರು ನೋಡಲಿಲ್ಲ. ಪ್ರೇಕ್ಷಕರ ಗ್ಯಾಲರಿ ನೋಡುತ್ತಿದ್ದಳು. ಅವರೆಲ್ಲ ಅಲ್ಲಾಡ್ತಿದಾರಲ್ಲ ಮಾಮಾ, ಒಬ್ಬೊಬ್ಬರನ್ನೂ ಮುಟ್ಟಬೇಕಾಯ್ತಾ ಅಂತ ಕೇಳಿದಳು.

ಆ ಕಾರಿನ ಹೆಸರು ಇಲ್ ಟೆಂಪೋ ಜಿಗಾಂಟೆ. ಎರಡು ಎಂಜಿನ್, ಮೇಲೆ ತಿರುಗುವ ರಾಡಾರ್, ಜೊತೆಗೆ ತನ್ನದೇ ಒಂದು ರಕ್ತನಿಧಿ! ಮೊದಲ ಸಲ ಸ್ಟಾರ್ಟ್ ಮಾಡಿದಾಗ ದೂರದ ಬೆರ್ಗೆನ್ ನಗರದ ಭೂಕಂಪ ಮಾಪಕ ರಿಕ್ಟರ್ 7.8 ತೋರಿಸಿತಂತೆ. ಇದು ಔಕ್ರುಸ್ಟ್ ಅವರ ಹಾಸ್ಯ, ಕಡು ಗಂಭೀರ ಮುಖದಲ್ಲಿ ಹೇಳುವ ಸುಳ್ಳು. ಆ ಸುಳ್ಳಿಗೆ ಸಂಡೆಮೋಸೆ ಹಿತ್ತಾಳೆ, ಕೊಳವೆ, ಗಾಲಿ ಜೋಡಿಸಿ ನಂಬುವ ಹಾಗೆ ಮಾಡಿದ್ದಾರೆ. ಟಿವಿ ತುಣುಕಿನಲ್ಲಿ ಇಂಥ ಕಾರಿಗೆ ಜಾಗವೇ ಇರುತ್ತಿರಲಿಲ್ಲ.

ಗೆದ್ದದ್ದು ಯಾವುದರಿಂದ

ಚಿತ್ರ ಗೆದ್ದದ್ದು ಚಿತ್ರಕಥೆ ಬದಲಾಯಿಸಿದ್ದರಿಂದ ಮಾತ್ರ ಎಂದು ಹೇಳಿದರೆ ತಪ್ಪಾಗುತ್ತದೆ. ಔಕ್ರುಸ್ಟ್ ಓದುಗರು ಮೊದಲೇ ಇದ್ದರು. ಕಾಪ್ರಿನೋ ಹೆಸರು ಮನೆಮಾತಾಗಿ ಇಪ್ಪತ್ತು ವರ್ಷ ಆಗಿತ್ತು. ಪ್ರಚಾರವೂ ಜೋರಾಗಿತ್ತು. ರಸ್ತೆಯ ಮೇಲೆ ನಿಜವಾಗಿ ಓಡುವ, ಪೂರ್ಣ ಅಳತೆಯ ಇಲ್ ಟೆಂಪೋ ಜಿಗಾಂಟೆ ಒಂದನ್ನು ಕಟ್ಟಿದರು, ಒಳಗೆ ದೊಡ್ಡ ವಿ8 ಎಂಜಿನ್. ಕಾಗದದ ಮೇಲಿನ ನಗೆ ಗೊಂಬೆಯ ಕಾರಾಯಿತು, ಗೊಂಬೆಯ ಕಾರು ಮನುಷ್ಯರು ಕೂರುವ ಕಾರಾಯಿತು.

ಆದರೆ ಓದುಗರೂ ಹೆಸರೂ 1970ರಲ್ಲೂ ಇದ್ದವು. ಆಗ ಇಲ್ಲದೆ 1975ರಲ್ಲಿ ಇದ್ದದ್ದು ಕಥೆ. ಜೊತೆಗೆ, ಅದಕ್ಕಿಂತ ಮುಂಚೆ, ಇದು ಆಗುತ್ತಿಲ್ಲ ಎಂದು ಒಪ್ಪಿಕೊಂಡ ದಿನ. ಒಂದೂವರೆ ವರ್ಷ ದುಡಿದವರಿಗೆ ಆ ಮಾತು ಹೇಳುವುದು ಎಷ್ಟು ಕಷ್ಟ ಎಂದು ಕೈಯಿಂದ ಏನಾದರೂ ಮಾಡುವವರಿಗೆಲ್ಲ ಗೊತ್ತು. ಹೇಗೋ ಮುಗಿಸಿ ಕೊಟ್ಟಿದ್ದರೆ ಒಂದು ಸಂಜೆ ಟಿವಿಯಲ್ಲಿ ಬಂದು ಹೋಗಿರುತ್ತಿತ್ತು. ಗೊಂಬೆಗಳು ಪೆಟ್ಟಿಗೆ ಸೇರುತ್ತಿದ್ದವು.

ಇಷ್ಟು ದೊಡ್ಡ ಗೆಲುವಿನ ನಂತರ ಕಾಪ್ರಿನೋ ಇನ್ನೊಂದು ಗೊಂಬೆ ಸಿನಿಮಾ ಮಾಡಲಿಲ್ಲ. 1970ರ ದಶಕದ ಕೊನೆಗೆ ಸ್ವಲ್ಪ ಟಿವಿ ಕೆಲಸ, ಅಷ್ಟೇ. ಇದನ್ನು ಕೆಲವರು ಕೊರತೆ ಎನ್ನಬಹುದು. ನನಗೆ ಹಾಗೆ ಕಾಣುವುದಿಲ್ಲ. ಅವರು ತಾವೇ ವಿನ್ಯಾಸ ಮಾಡಿದ, ಹಲವು ಕ್ಯಾಮೆರಾ ಒಟ್ಟಿಗೆ ಜೋಡಿಸಿದ ಏರ್ಪಾಡಿನಲ್ಲಿ 280 ಡಿಗ್ರಿ ಸುತ್ತಲೂ ಕಾಣುವ ಪ್ರವಾಸಿ ಚಿತ್ರ ತೆಗೆದರು. ಲಿಲ್ಲೆಹಾಮರ್ ಹತ್ತಿರದ ಹುಂಡರ್‌ಫೋಸೆನ್ ಪಾರ್ಕಿಗೆ ತಮ್ಮ ಜನಪದ ಕಥೆಗಳ ಲೋಕವನ್ನು ಮಕ್ಕಳು ನಡೆದು ನೋಡುವ ಹಾಗೆ ಕಟ್ಟಿಕೊಟ್ಟರು. ಆಸ್ಬ್ಯೋರ್ನ್ಸೆನ್ ಸಿನಿಮಾದ ಚೂರುಗಳು ಮೂರನೇ ಸಲ ಕೆಲಸಕ್ಕೆ ಬಂದವು. 2001ರಲ್ಲಿ ಅವರು ತೀರಿಕೊಂಡರು. ಮರುವರ್ಷ ಔಕ್ರುಸ್ಟ್ ಕೂಡ.

ಬೊಂಬೆ, ಜಾಹೀರಾತು, ನಟರ ಸಿನಿಮಾ, ಪಾರ್ಕು, ಸುತ್ತುಪರದೆ. ದೂರದಿಂದ ನೋಡಿದರೆ ಒಬ್ಬ ಮನುಷ್ಯ ಹತ್ತು ದಿಕ್ಕಿಗೆ ಹೋದ ಹಾಗೆ. ಹತ್ತಿರದಿಂದ ನೋಡಿದರೆ ಎಲ್ಲವೂ ಒಂದೇ ಮೇಜಿನ ಮೇಲೆ ನಡೆದ ಕೆಲಸ.

ನನಗೊಂದು ಆಸೆ ಉಳಿದಿದೆ. ಆ ಕೈಬಿಟ್ಟ ಟಿವಿ ಕಾರ್ಯಕ್ರಮದ ಫಿಲ್ಮನ್ನು ಪೂರ್ತಿ ನೋಡಬೇಕು. ತಪ್ಪು ಹುಡುಕಲು ಅಲ್ಲ. ಅಲ್ಲಿ ಲುಡ್ವಿಗ್ ಹೇಗೆ ನಡೆಯುತ್ತಿದ್ದ, ಸೋಲಾನ್ ಕತ್ತು ಹೇಗೆ ಹೊರಳಿಸುತ್ತಿದ್ದ, ಅದರಲ್ಲಿ ಎಷ್ಟು ಆ ದೊಡ್ಡ ಚಿತ್ರಕ್ಕೆ ಬಂದಿದೆ ಎಂದು ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಬೇಕು. ಅಕ್ಕನ ಮಗಳನ್ನೂ ಕೂರಿಸಿಕೊಳ್ಳುತ್ತೇನೆ. ಅವಳಿಗೆ ನನಗಿಂತ ಬೇಗ ಕಾಣುತ್ತದೆ.